ಕತ್ತರಿ ನಿಲ್ಲುವ ಜಾಗ: ಸಂಕಲನಕಾರ ಹೃಷಿಕೇಶ್ ಮುಖರ್ಜಿ

‘ಆನಂದ್’ ಸಿನಿಮಾದ ಕೊನೆಯ ಹತ್ತು ನಿಮಿಷಗಳನ್ನು ನಮ್ಮಮ್ಮ ನೋಡುವುದಿಲ್ಲ. ಟೀವಿಯಲ್ಲಿ ಬಂದಾಗಲೆಲ್ಲ ಅಲ್ಲಿಯವರೆಗೆ ಕೂತಿರುತ್ತಾಳೆ. ರಾಜೇಶ್ ಖನ್ನಾ ಹಾಸಿಗೆ ಹಿಡಿದ ಕೂಡಲೇ ‘ಒಲೆ ಮೇಲೆ ಹಾಲಿಟ್ಟಿದೀನಿ’ ಎಂದು ಎದ್ದುಬಿಡುತ್ತಾಳೆ. ಒಲೆಯ ಮೇಲೆ ಯಾವ ಹಾಲೂ ಇರುವುದಿಲ್ಲ. ಆದರೆ ನಮ್ಮದು ಚಿಕ್ಕ ಮನೆ, ಅಡುಗೆಮನೆಗೂ ಎಲ್ಲ ಕೇಳಿಸುತ್ತದೆ. ‘ಬಾಬುಮೊಶಾಯ್’ ಎಂಬ ಕೂಗು ಬಂದಾಗ ಅಲ್ಲಿ ಪಾತ್ರೆಯ ಸದ್ದು ನಿಲ್ಲುತ್ತದೆ.

ಅಮ್ಮ ತಪ್ಪಿಸಿಕೊಳ್ಳುತ್ತಿದ್ದದ್ದು ತಪ್ಪು ಕಡೆಯಿಂದ ಎಂದು ನನಗೆ ಹೊಳೆದದ್ದು ಬಹಳ ತಡವಾಗಿ. ಆ ದೃಶ್ಯ ನಮ್ಮನ್ನು ಹಿಡಿಯುವುದು ಕಣ್ಣಿನಿಂದಲ್ಲ, ಕಿವಿಯಿಂದ. ಡಾಕ್ಟರ್ ಭಾಸ್ಕರ್ ಹೊರಗಿನಿಂದ ಬರುವಷ್ಟರಲ್ಲಿ ಆನಂದ್ ತೀರಿಕೊಂಡಿದ್ದಾನೆ. ಪಕ್ಕದಲ್ಲಿ ಟೇಪ್ ರೆಕಾರ್ಡರ್ ಸುತ್ತುತ್ತಲೇ ಇದೆ. ಅದರಲ್ಲಿದ್ದ ಭಾಸ್ಕರನ ಕವಿತೆ ಮುಗಿದಿದೆ, ಈಗ ಸುತ್ತುತ್ತಿರುವುದು ಬರೀ ಮೌನ. ಆರು ತಿಂಗಳಿಂದ ಬಡಬಡಿಸುತ್ತಿದ್ದೆಯಲ್ಲ, ಈಗ ಮಾತಾಡು ಎಂದು ಭಾಸ್ಕರ್ ಹೆಣದ ಮೇಲೆ ಸಿಟ್ಟಾಗುತ್ತಾನೆ. ಆಗ ಟೇಪಿನೊಳಗಿಂದ ಆನಂದನ ದನಿ ಅವನನ್ನು ಕರೆಯುತ್ತದೆ. ಹಿಂದೊಂದು ದಿನ ಇಬ್ಬರೂ ಕೂತು ತಮಾಷೆಗೆ ರೆಕಾರ್ಡ್ ಮಾಡಿಕೊಂಡಿದ್ದ ನಾಟಕದ ಮಾತುಗಳವು. ಆ ಮಾತು, ನಗು ಎಲ್ಲ ಮುಗಿದು ಟೇಪಿನ ತುದಿ ಬಿಚ್ಚಿಕೊಂಡು ಚಕ್ರ ಸುಮ್ಮನೆ ತಿರುಗುತ್ತದೆ.

ಒಬ್ಬ ಕತೆಗಾರ ‘ಸತ್ತವನ ದನಿ ಟೇಪಿನಲ್ಲಿ ಕೇಳಿಸುತ್ತದೆ’ ಎಂದು ಒಂದು ಸಾಲು ಬರೆಯಬಹುದು. ಆದರೆ ಕವಿತೆಗೂ ಕೂಗಿಗೂ ನಡುವೆ ಎಷ್ಟು ಮೌನವಿರಬೇಕು? ಭಾಸ್ಕರನ ಸಿಟ್ಟು ಆ ಮೌನದ ಎಷ್ಟನೆಯ ಸೆಕೆಂಡಿಗೆ ಶುರುವಾಗಬೇಕು, ಎಷ್ಟನೆಯದಕ್ಕೆ ಮುಗಿಯಬೇಕು? ಎರಡು ಸೆಕೆಂಡು ಮೊದಲಾದರೆ ಅದು ಚಮತ್ಕಾರವಾಗುತ್ತದೆ, ಎರಡು ಸೆಕೆಂಡು ತಡವಾದರೆ ಗೋಳಾಗುತ್ತದೆ. ಇದು ಸಂಕಲನದ ಮೇಜಿನ ಮೇಲೆ ಅಳೆದು ಕತ್ತರಿಸಿದ ದುಃಖ. ‘ಆನಂದ್’ ಸಿನಿಮಾವನ್ನು ನಿರ್ದೇಶಿಸಿದ ಹೃಷಿಕೇಶ್ ಮುಖರ್ಜಿಯವರೇ ಅದರ ಸಂಕಲನಕಾರರು. ಆ ಚಿತ್ರಕ್ಕೆ ಬಂದ ಫಿಲ್ಮ್‌ಫೇರ್ ಪ್ರಶಸ್ತಿಗಳಲ್ಲಿ ಸಂಕಲನದ ಪ್ರಶಸ್ತಿಯೂ ಒಂದು. ಅಷ್ಟು ಹೊತ್ತಿಗೆ ಅವರು ನಿರ್ದೇಶಕರಾಗಿ ಒಂದೂವರೆ ದಶಕವೇ ಆಗುತ್ತ ಬಂದಿತ್ತು.

*

ನಾನಿದನ್ನು ಬರೆಯುತ್ತಿರುವುದರಲ್ಲಿ ಸ್ವಲ್ಪ ತಪ್ಪೊಪ್ಪಿಗೆಯೂ ಇದೆ. ಹಿಂದಿ ಸಿನಿಮಾಗಳ ‘ಕುಟುಂಬ’ ಕನ್ನಡದ ರಿಮೇಕುಗಳಿಗೆ ಬರುವಾಗ ಏನಾಗುತ್ತದೆ ಎಂಬುದು ನನ್ನ ಪಿಎಚ್.ಡಿ. ವಿಷಯ. ಎರಡು ವರ್ಷದ ಹಿಂದೆ ವಿಭಾಗದ ಸೆಮಿನಾರಿನಲ್ಲಿ ಹೃಷಿಕೇಶ್ ಮುಖರ್ಜಿಯವರ ಮೇಲೊಂದು ಪ್ರಬಂಧ ಓದಿದ್ದೆ. ‘ಮಧ್ಯಮ ವರ್ಗಕ್ಕೆ ಅದರದೇ ಮುಖವನ್ನು ಸ್ವಲ್ಪ ತೊಳೆದು ತೋರಿಸಿದ ನಿರ್ದೇಶಕ’ ಎಂದು ಅದರಲ್ಲಿ ಬರೆದಿದ್ದೆ. ಚಪ್ಪಾಳೆ ಬಿತ್ತು. ನಮ್ಮ ಮಾರ್ಗದರ್ಶಕಿ ಮಾತ್ರ, ‘ನೀನು ಕತೆಗಳ ಬಗ್ಗೆ ಮಾತಾಡಿದೆ, ಸಿನಿಮಾ ಬಗ್ಗೆ ಯಾವಾಗ ಮಾತಾಡ್ತೀಯ?’ ಎಂದು ಕೇಳಿದರು. ಉತ್ತರ ಇರಲಿಲ್ಲ.

ಅದಾದ ಮೇಲೆ ಅವರ ಸಿನಿಮಾಗಳನ್ನು ಮತ್ತೆ ನೋಡಿದೆ. ಈ ಸಲ ಕತೆಯನ್ನು ಬದಿಗಿಟ್ಟು, ಒಂದು ದೃಶ್ಯ ಎಲ್ಲಿ ಮುಗಿಯುತ್ತದೆ ಎಂಬುದನ್ನಷ್ಟೇ ಗಮನಿಸಿದೆ. ನೋಡಿದ ಮೇಲೆ ನನ್ನ ಮಾತು ಪೂರ್ತಿ ಸುಳ್ಳೆನಿಸಲಿಲ್ಲ, ಆದರೆ ಅದರ ಬೇರು ಬೇರೆ ಕಡೆ ಇದೆ ಎನಿಸಿತು. ಹೃಷಿಕೇಶ್ ಮುಖರ್ಜಿಯವರ ಸೌಮ್ಯತೆ ಅವರ ಸ್ವಭಾವದಿಂದಲೋ ವರ್ಗದಿಂದಲೋ ಮಾತ್ರ ಬಂದದ್ದಲ್ಲ, ಅವರ ಕಸುಬಿನಿಂದ ಬಂದದ್ದು. ಅವರ ದೊಡ್ಡ ಗೆಲುವು, ದೊಡ್ಡ ಸೋಲು ಎರಡೂ ಒಂದೇ ಜಾಗದಲ್ಲಿವೆ: ಎಲ್ಲಿ ಕತ್ತರಿಸಬೇಕೆಂದು ಅವರಿಗೆ ಚೆನ್ನಾಗಿ ಗೊತ್ತಿತ್ತು.

*

1922ರಲ್ಲಿ ಕಲ್ಕತ್ತೆಯಲ್ಲಿ ಹುಟ್ಟಿದ ಮುಖರ್ಜಿ ಓದಿದ್ದು ರಸಾಯನಶಾಸ್ತ್ರ. ಕೆಲಕಾಲ ಮೇಷ್ಟರಾಗಿ ಗಣಿತ, ವಿಜ್ಞಾನ ಪಾಠ ಮಾಡಿದರು. ಬಿ.ಎನ್. ಸರ್ಕಾರ್ ಅವರ ನ್ಯೂ ಥಿಯೇಟರ್ಸ್‌ನಲ್ಲಿ ಸೇರಿ, ಅಲ್ಲಿ ಸುಬೋಧ್ ಮಿತ್ರ ಅವರ ಕೈಕೆಳಗೆ ಸಂಕಲನ ಕಲಿತರು. ಐವತ್ತರ ದಶಕದ ಆರಂಭದಲ್ಲಿ ಬಿಮಲ್ ರಾಯ್ ತಮ್ಮ ತಂಡ ಕಟ್ಟಿಕೊಂಡು ಬೊಂಬಾಯಿಗೆ ಬಂದಾಗ ಮುಖರ್ಜಿಯೂ ಅದರಲ್ಲಿದ್ದರು. ಮುಂದೆ ‘ದೋ ಬಿಘಾ ಜಮೀನ್’ (1953), ‘ದೇವದಾಸ್’ (1955), ‘ಮಧುಮತಿ’ (1958) ಅವರ ಕೈಯಲ್ಲಿ ಸಂಕಲನಗೊಂಡವು. ‘ದೋ ಬಿಘಾ ಜಮೀನ್’ಗೆ ಚಿತ್ರಕತೆ ಬರೆದವರೂ ಅವರೇ. ‘ಮಧುಮತಿ’ಯ ಸಂಕಲನಕ್ಕೆ ಫಿಲ್ಮ್‌ಫೇರ್ ಪ್ರಶಸ್ತಿ ಬಂತು.

‘ದೋ ಬಿಘಾ ಜಮೀನ್’ನಲ್ಲಿ ಕಲ್ಕತ್ತೆಯ ಬೀದಿಯಲ್ಲಿ ಕೈಗಾಡಿಗಳ ಓಟದ ದೃಶ್ಯವಿದೆ. ಗಾಡಿಯಲ್ಲಿ ಕೂತ ಶೋಕಿಲಾಲನಿಗೆ ಮುಂದೆ ಹೋಗುತ್ತಿರುವ ಹೆಣ್ಣಿನ ಗಾಡಿಯನ್ನು ಹಿಡಿಯಬೇಕು. ಇನ್ನಷ್ಟು ಜೋರಾಗಿ ಓಡಿದರೆ ಇನ್ನಷ್ಟು ದುಡ್ಡು ಎನ್ನುತ್ತಾನೆ. ಬಲರಾಜ್ ಸಾಹ್ನಿಯ ಶಂಭು ಓಡುತ್ತಾನೆ. ಗಾಡಿಯಲ್ಲಿ ಕೂತವರಿಗೆ ಅದು ಆಟ, ಓಡುವವನಿಗೆ ಅದು ಊರಿನ ಎರಡು ಬಿಘಾ ನೆಲ. ಆಟ ಮತ್ತು ನೆಲ ಎರಡನ್ನೂ ಒಂದೇ ಓಟದೊಳಗೆ ಹೊಲಿದಿರುವುದು ಸಂಕಲನ. ಕೊನೆಗೆ ಚಕ್ರ ಕಳಚಿ ಶಂಭು ಬೀಳುತ್ತಾನೆ. ಯಾರೂ ಭಾಷಣ ಮಾಡುವುದಿಲ್ಲ.

‘ದೇವದಾಸ್’ನ ಇನ್ನೊಂದು ಚಿಕ್ಕ ದೃಶ್ಯ ನನಗೆ ಅದಕ್ಕಿಂತ ಮುಖ್ಯ. ಚಂದ್ರಮುಖಿ ದೇವದಾಸನನ್ನು ಹುಡುಕಿಕೊಂಡು ಕಾಲುನಡಿಗೆಯಲ್ಲಿ ಹೊರಟಿದ್ದಾಳೆ, ಎದುರಿಗೆ ಪಾರ್ವತಿಯ ಪಲ್ಲಕ್ಕಿ ಬರುತ್ತಿದೆ. ಇಬ್ಬರಿಗೂ ಪರಸ್ಪರ ಗುರುತಿಲ್ಲ. ಕಣ್ಣು ಕೂಡುತ್ತದೆ, ದಾಟಿ ಹೋಗುತ್ತಾರೆ. ಒಂದು ಮಾತೂ ಇಲ್ಲ. ಒಬ್ಬನನ್ನೇ ಪ್ರೀತಿಸಿದ ಇಬ್ಬರು ಹೆಂಗಸರು ಎದುರಾದಾಗ ಅವರಿಂದ ಮಾತಾಡಿಸದೆ ಕಳಿಸಬೇಕಾದರೆ ಎಂಥ ಸಂಯಮ ಬೇಕು! ಐವತ್ತು ವರ್ಷದ ನಂತರದ ‘ದೇವದಾಸ್’ನಲ್ಲಿ ಅವರಿಬ್ಬರೂ ಒಟ್ಟಿಗೆ ಕುಣಿಯುತ್ತಾರೆ. ಎರಡನ್ನೂ ಪಕ್ಕಪಕ್ಕ ಇಟ್ಟರೆ ‘ಬಿಡುವುದು’ ಎಂದರೇನೆಂದು ತಿಳಿಯುತ್ತದೆ. ನಿರ್ದೇಶನ ಬಿಮಲ್ ರಾಯ್ ಅವರದು, ಶ್ರೇಯಸ್ಸನ್ನೆಲ್ಲ ಸಂಕಲನಕಾರನಿಗೆ ಕೊಡಲಾಗದು. ಆದರೆ ಅಂಥ ದೃಶ್ಯಗಳನ್ನು ವರ್ಷಗಟ್ಟಲೆ ಕೈಯಲ್ಲಿ ಹಿಡಿದು ಜೋಡಿಸಿದವನಿಗೆ ಒಂದು ಪಾಠ ಮೈಗೂಡುತ್ತದೆ: ನೋಡುಗನಿಗೆ ಈಗಾಗಲೇ ಗೊತ್ತಾಗಿರುವುದನ್ನು ಮತ್ತೆ ಹೇಳಬಾರದು.

1957ರಲ್ಲಿ ಅವರು ಮೊದಲ ಸಲ ನಿರ್ದೇಶಿಸಿದ ‘ಮುಸಾಫಿರ್’ ಒಬ್ಬ ಸಂಕಲನಕಾರನಿಗಷ್ಟೇ ಹೊಳೆಯಬಹುದಾದ ಸಿನಿಮಾ. ಬರವಣಿಗೆಯಲ್ಲಿ ಜೊತೆಯಾದವರು ಋತ್ವಿಕ್ ಘಟಕ್. ಒಂದು ಬಾಡಿಗೆ ಮನೆ, ಒಬ್ಬರಾದ ಮೇಲೊಬ್ಬರಂತೆ ಬಂದು ಹೋಗುವ ಮೂರು ಸಂಸಾರ. ಒಂದರಲ್ಲಿ ಮದುವೆ, ಒಂದರಲ್ಲಿ ಹುಟ್ಟು, ಒಂದರಲ್ಲಿ ಸಾವು. ನಾಯಕನಿಲ್ಲ, ಇರುವುದು ಮನೆ ಮಾತ್ರ. ಮೂರು ಸಂಸಾರಗಳಿಗೆ ಒಂದಕ್ಕೊಂದು ಗುರುತಿಲ್ಲ, ಅವನ್ನು ಜೋಡಿಸುವವರು ಮನೆಯ ಮಾಲೀಕ ಮತ್ತು ಪ್ರೇಕ್ಷಕರಾದ ನಾವು. ದಿಲೀಪ್ ಕುಮಾರ್, ಸುಚಿತ್ರಾ ಸೇನ್, ಕಿಶೋರ್ ಕುಮಾರ್ ಎಲ್ಲರೂ ಇದ್ದರೂ ಚಿತ್ರ ಓಡಲಿಲ್ಲ.

ಆ ಮನೆ ಮಾತ್ರ ಅವರನ್ನು ಬಿಡಲಿಲ್ಲ. ‘ಬಾವರ್ಚಿ’ಯ (1972) ಶಾಂತಿ ನಿವಾಸ, ‘ಚುಪ್ಕೆ ಚುಪ್ಕೆ’ (1975), ‘ಗೋಲ್ ಮಾಲ್’ (1979), ‘ಖೂಬ್‌ಸೂರತ್’ (1980) ಎಲ್ಲವೂ ಮನೆಗಳೇ. ಹೊರಗಿನಿಂದ ಒಬ್ಬರು ಒಳಬರುತ್ತಾರೆ, ಮನೆಯ ಲಯ ಬದಲಾಗುತ್ತದೆ. ನಾನು ಹಿಂದೆ ಇದನ್ನು ‘ಮಧ್ಯಮ ವರ್ಗದ ಮೋಹ’ ಎಂದಿದ್ದೆ. ಈಗ ನೋಡಿದರೆ ಮನೆ ಎಂಬುದು ಸಂಕಲನಕ್ಕೆ ಹೇಳಿ ಮಾಡಿಸಿದ ಜಾಗವೆನಿಸುತ್ತದೆ. ಅಲ್ಲಿ ಬಾಗಿಲುಗಳಿವೆ, ಒಂದು ಕೋಣೆಯ ಮಾತು ಇನ್ನೊಂದು ಕೋಣೆಗೆ ಕೇಳಿಸುತ್ತದೆ. ಅಡುಗೆಮನೆಯಲ್ಲಿ ನಿಂತ ನಮ್ಮಮ್ಮನಿಗೆ ಕೇಳಿಸಿದ ಹಾಗೆ.

*

ಹೃಷಿಕೇಶ್ ಮುಖರ್ಜಿಯವರ ಯಾವುದೇ ಸಿನಿಮಾ ತೆಗೆದು ಒಂದು ಪ್ರಯೋಗ ಮಾಡಿ ನೋಡಿ. ಮಾತಾಡುವವರನ್ನು ಬಿಟ್ಟು, ಕೇಳಿಸಿಕೊಳ್ಳುತ್ತಿರುವವರ ಮುಖ ಎಷ್ಟು ಸಲ ಬರುತ್ತದೆಂದು ಗಮನಿಸಿ. ‘ಗೋಲ್ ಮಾಲ್’ನಲ್ಲಿ ಮೀಸೆಯಿಲ್ಲದ ಗಂಡಸನ್ನು ನಂಬದ ಭವಾನಿಶಂಕರನ ಪಾತ್ರ ಉತ್ಪಲ್ ದತ್ತ್ ಅವರದು. ಅಮೋಲ್ ಪಾಲೇಕರ್ ಸುಳ್ಳಿನ ಮೇಲೆ ಸುಳ್ಳು ಪೋಣಿಸುತ್ತಾರೆ, ನಮಗೆ ನಗು ಬರುವುದು ಮಾತ್ರ ಆ ಸುಳ್ಳು ಉತ್ಪಲ್ ದತ್ತ್ ಅವರ ಮುಖದ ಮೇಲೆ ಇಳಿಯುವಾಗ. ಹಾಸ್ಯ ಹುಟ್ಟುವುದು ಹೇಳುವವನಲ್ಲಿ, ಮುಗಿಯುವುದು ಕೇಳುವವನಲ್ಲಿ. ಅಲ್ಲಿಗೆ ಕತ್ತರಿ.

‘ಅಭಿಮಾನ್’ (1973) ಇದೇ ವಿದ್ಯೆಯನ್ನು ನೋವಿಗೆ ಬಳಸಿಕೊಳ್ಳುತ್ತದೆ. ಹೆಸರಾಂತ ಗಾಯಕ ಸುಬೀರ್ ಹೊಸ ಹೆಂಡತಿ ಉಮಾಳ ಜೊತೆ ಆರತಕ್ಷತೆಯಲ್ಲಿ ಹಾಡುತ್ತಾನೆ. ಹಾಡುವ ಇಬ್ಬರೂ ಸುಖವಾಗಿದ್ದಾರೆ. ಈ ಸಂಸಾರ ಬಿರುಕು ಬಿಡಲಿದೆ ಎಂಬುದು ನಮಗೆ ತಿಳಿಯುವುದು ಕೇಳುಗರ ನಡುವೆ ಕೂತ ಹಿರಿಯರಿಂದ. ಹೆಂಡತಿ ಗಂಡನಿಗಿಂತ ದೊಡ್ಡ ಪ್ರತಿಭೆ ಎಂದು ಅವರು ಗುರುತಿಸುತ್ತಾರೆ, ಅದರಿಂದಾಗುವುದನ್ನು ನೆನೆದು ಕಳವಳಪಡುತ್ತಾರೆ. ಜಗಳಕ್ಕೆ ಇನ್ನೂ ಎಷ್ಟೋ ರೀಲು ಬಾಕಿ ಇರುವಾಗಲೇ ಅದರ ಬೀಜ ಒಬ್ಬ ಕೇಳುಗನ ಮುಖದಲ್ಲಿ ಬಿದ್ದಾಗಿದೆ.

ಇಲ್ಲಿಯವರೆಗೆ ನಾನು ಹೊಗಳಿದ್ದೇ ಆಯಿತು. ಆದರೆ ‘ಅಭಿಮಾನ್’ ಕೊನೆಗೆ ಬಂದಾಗ ನನ್ನ ಹಳೆಯ ಸಿಟ್ಟು ಮರಳುತ್ತದೆ. ಮಗುವನ್ನು ಕಳೆದುಕೊಂಡ ಉಮಾ ಕಲ್ಲಾಗಿದ್ದಾಳೆ. ಅವಳನ್ನು ವೇದಿಕೆಗೆ ಕರೆತಂದು, ಹುಟ್ಟಲಿರುವ ಮಗುವನ್ನು ನೆನೆದು ಹಿಂದೆ ಕಟ್ಟಿದ್ದ ಹಾಡನ್ನು ಸುಬೀರ್ ಹಾಡುತ್ತಾನೆ. ಅವಳ ಕಣ್ಣು ತುಂಬುತ್ತದೆ, ದನಿ ಬರುತ್ತದೆ, ಇಬ್ಬರೂ ಹಾಡುತ್ತಾರೆ, ಮುಗಿಯಿತು. ಭಾವದ ಲೆಕ್ಕದಲ್ಲಿ ಇದು ಅತ್ಯಂತ ಸರಿಯಾದ ಕತ್ತರಿ. ಆದರೆ ಮರುದಿನ ಬೆಳಿಗ್ಗೆ? ಉಮಾ ಮತ್ತೆ ಒಬ್ಬಳೇ ಹಾಡುತ್ತಾಳೆಯೇ? ಅವಳಿಗೆ ಹೆಚ್ಚು ಚಪ್ಪಾಳೆ ಬಿದ್ದರೆ ಸುಬೀರ್ ಏನು ಮಾಡುತ್ತಾನೆ? ಸಿನಿಮಾ ಎರಡು ಗಂಟೆ ಕಟ್ಟಿದ ಪ್ರಶ್ನೆ ಇದೇ ಆಗಿತ್ತು. ಅದಕ್ಕೆ ಉತ್ತರ ಸಿಗುವ ಮೊದಲೇ ಪರದೆ ಬಿದ್ದಿದೆ. ‘ಅನುರಾಧಾ’ದಲ್ಲೂ (1960) ಹೀಗೆಯೇ. ಹಳ್ಳಿಯ ಡಾಕ್ಟರನಿಗಾಗಿ ಹಾಡು ಬಿಟ್ಟ ಹೆಂಡತಿಯ ತ್ಯಾಗವನ್ನು ಹೊರಗಿನಿಂದ ಬಂದ ಹಿರಿಯ ಡಾಕ್ಟರ್ ಗುರುತಿಸುತ್ತಾರೆ, ಗಂಡನ ಕಣ್ಣು ತೆರೆಯುತ್ತದೆ, ಅವಳು ಮನೆ ಬಿಟ್ಟು ಹೋಗದೆ ಉಳಿಯುತ್ತಾಳೆ. ತಂಬೂರಿಯ ಗತಿ ಏನಾಯಿತೆಂದು ಸಿನಿಮಾ ತೋರಿಸುವುದಿಲ್ಲ.

‘ನಮಕ್ ಹರಾಮ್’ (1973) ಕಾರ್ಖಾನೆಯೊಳಕ್ಕೆ, ಕಾರ್ಮಿಕರ ಗಲ್ಲಿಗೆ ಹೋಗುತ್ತದೆ. ಗೆಳೆಯ ವಿಕ್ಕಿಗಾದ ಅವಮಾನದ ಸೇಡು ತೀರಿಸಲು ಕಾರ್ಮಿಕನ ವೇಷದಲ್ಲಿ ಹೋದ ಸೋಮು ಅವರಲ್ಲೊಬ್ಬನಾಗಿ ಬಿಡುತ್ತಾನೆ. ಎಂಥ ವಸ್ತು! ಆದರೆ ಸೋಮುವಿನ ಸಾವಿನ ಮೇಲೆ ಸಿನಿಮಾ ಗೆಳೆತನದ ಶೋಕಕ್ಕೆ ತಿರುಗುತ್ತದೆ. ತಂದೆಗೆ ಪಾಠ ಕಲಿಸಲು ಮಗ ತಪ್ಪನ್ನು ತಾನು ಹೊತ್ತು ಜೈಲಿಗೆ ಹೋಗುತ್ತಾನೆ. ಕಾರ್ಖಾನೆಯ ಗೇಟಿನ ಹೊರಗೆ ನಿಂತವರು ಫ್ರೇಮಿನ ಹೊರಗೂ ಹೋಗುತ್ತಾರೆ.

*

ಇದನ್ನು ತಪ್ಪೆಂದು ತೀರ್ಪು ಕೊಡುವ ಹೊತ್ತಿಗೆ ನನ್ನದೇ ಒಂದು ಕೆಲಸ ಅಡ್ಡ ಬಂತು. ಕ್ಷೇತ್ರಕಾರ್ಯಕ್ಕೆಂದು ಹಳೆಯ ಟೂರಿಂಗ್ ಟಾಕೀಸಿನಲ್ಲಿ ಪ್ರೊಜೆಕ್ಟರ್ ಓಡಿಸುತ್ತಿದ್ದ ಒಬ್ಬ ಅಜ್ಜನನ್ನು ಮೊಬೈಲಿನಲ್ಲಿ ಚಿತ್ರೀಕರಿಸಿದ್ದೆ. ಒಂದೂವರೆ ಗಂಟೆಯ ಮಾತನ್ನು ಹನ್ನೆರಡು ನಿಮಿಷಕ್ಕೆ ಇಳಿಸಬೇಕಿತ್ತು. ಟೆಂಟು ಬಿಚ್ಚಿದ ದಿನದ ಬಗ್ಗೆ ಕೇಳಿದಾಗ ಅಜ್ಜ ಮಾತು ನಿಲ್ಲಿಸಿ ಬಹಳ ಹೊತ್ತು ತಮ್ಮ ಕೈಯನ್ನೇ ನೋಡಿಕೊಂಡು ಕೂತಿದ್ದರು. ಆಮೇಲೆ ಮಾಲೀಕರು ಮೂರು ತಿಂಗಳ ಸಂಬಳ ಕೊಡದೆ ಹೋದದ್ದನ್ನು ಒರಟು ಮಾತಿನಲ್ಲಿ ಹೇಳಿದ್ದರು. ನಾನು ಮೌನದ ಮೂರು ಸೆಕೆಂಡು ಇಟ್ಟುಕೊಂಡು, ಸಂಬಳದ ಮಾತು ತೆಗೆದು, ಅಲ್ಲಿಗೆ ಮುಗಿಸಿದೆ. ನೋಡಿದವರ ಕಣ್ಣು ಒದ್ದೆಯಾಯಿತು. ಅಜ್ಜನಿಗೆ ತೋರಿಸಿದಾಗ ಅವರು ಹೇಳಿದ್ದು ಒಂದೇ ಮಾತು: ‘ದುಡ್ಡಿನ ವಿಷ್ಯ ಎಲ್ಲೋಯ್ತಪ್ಪ?’

ಆ ಕತ್ತರಿ ‘ಚೆನ್ನಾಗಿತ್ತು’, ಅದೇ ಅದರ ತೊಂದರೆ. ನೋಡುಗನ ಎದೆ ತುಂಬಿದ ಕ್ಷಣವೇ ಮುಗಿಸಲು ಸರಿಯಾದ ಕ್ಷಣವೆಂದು ಕೈ ನಂಬಿಬಿಟ್ಟರೆ, ಎದೆ ತುಂಬಿದ ಮೇಲೆ ಹೇಳಬೇಕಾದ ಕಟು ಮಾತಿಗೆ ಜಾಗವೇ ಇರುವುದಿಲ್ಲ. ಹೃಷಿಕೇಶ್ ಮುಖರ್ಜಿ ಯಾರಿಗೋ ಹೆದರಿ ಹಿಂದೆ ಸರಿದರು ಎಂದು ನನಗೀಗ ಅನಿಸುವುದಿಲ್ಲ. ಅವರ ಕೈಗೆ ಲಯ ಅಷ್ಟು ಚೆನ್ನಾಗಿ ಗೊತ್ತಿತ್ತು. ಲಯ ಪೂರ್ತಿಯಾದಲ್ಲಿ ಅವರು ನಿಲ್ಲಿಸಿದರು, ಪ್ರಶ್ನೆ ಪೂರ್ತಿಯಾಗುವವರೆಗೆ ಕಾಯಲಿಲ್ಲ.

*

ಒಮ್ಮೆ ಮಾತ್ರ ಕಾದರು. ‘ಸತ್ಯಕಾಮ್’ (1969) ಅವರಿಗೆ ತಮ್ಮ ಸಿನಿಮಾಗಳಲ್ಲೇ ಹೆಚ್ಚು ಪ್ರಿಯವಾದದ್ದು. ಗಲ್ಲಾಪೆಟ್ಟಿಗೆಯಲ್ಲಿ ಅದು ಸೋತಿತು. ನಾರಾಯಣ್ ಸನ್ಯಾಲ್ ಅವರ ಕತೆ, ರಾಜಿಂದರ್ ಸಿಂಗ್ ಬೇದಿಯವರ ಸಂಭಾಷಣೆ, ಧರ್ಮೇಂದ್ರ ಅವರ ಬಾಳಿನ ಅತ್ಯುತ್ತಮ ಅಭಿನಯ. ಸ್ವಾತಂತ್ರ್ಯದ ಹೊಸ್ತಿಲಲ್ಲಿ ಎಂಜಿನಿಯರಾಗುವ ಸತ್ಯಪ್ರಿಯ ಯಾವುದರಲ್ಲೂ ರಾಜಿಯಾಗುವುದಿಲ್ಲ. ಕೆಲಸದಿಂದ ಕೆಲಸಕ್ಕೆ, ಊರಿಂದ ಊರಿಗೆ ಅಲೆಯುತ್ತಾನೆ. ಅತ್ಯಾಚಾರಕ್ಕೊಳಗಾದ ರಂಜನಾಳನ್ನು ಮದುವೆಯಾಗುತ್ತಾನೆ, ತನ್ನದಲ್ಲದ ಮಗುವಿಗೆ ಹೆಸರು ಕೊಡುತ್ತಾನೆ. ಆದರೆ ಒಳಗೆಲ್ಲೋ ಆ ಮಗುವನ್ನು ಪೂರ್ತಿ ತನ್ನದೆನ್ನಲು ಅವನಿಗೆ ಆಗುವುದಿಲ್ಲ. ಅವನ ಸತ್ಯ ಹೆಂಡತಿಯನ್ನು ಬಡವಾಗಿಸುತ್ತದೆ. ಸಿನಿಮಾ ಇದನ್ನು ಮುಚ್ಚಿಡುವುದಿಲ್ಲ.

ಕೊನೆಗೆ ಕ್ಯಾನ್ಸರಿನಿಂದ ಮಾತು ಹೋದ ಸತ್ಯಪ್ರಿಯ ಆಸ್ಪತ್ರೆಯಲ್ಲಿದ್ದಾನೆ. ಕಂಟ್ರಾಕ್ಟರನ ಕಳ್ಳ ಕಾಗದಕ್ಕೆ ಸಹಿ ಹಾಕಿದರೆ ಹೆಂಡತಿ ಮಗುವಿನ ಬಾಳಿಗೆ ಆಸರೆಯಾಗುತ್ತದೆ. ಬದುಕಿಡೀ ಹಾಕದ ಸಹಿಯನ್ನು ಹಾಕಿ ಅವಳ ಕೈಗೆ ಕೊಡುತ್ತಾನೆ. ಅವಳು ಅದನ್ನು ಹರಿದುಹಾಕುತ್ತಾಳೆ. ಅವನ ಮುಖ ಅರಳುತ್ತದೆ. ‘ಅಭಿಮಾನ್’ನ ಹೃಷಿಕೇಶ್ ಮುಖರ್ಜಿಯಾಗಿದ್ದರೆ ಸಿನಿಮಾ ಇಲ್ಲಿಗೆ ಮುಗಿಯುತ್ತಿತ್ತು. ಭಾವದ ಲೆಕ್ಕ ಚುಕ್ತಾ ಆಗಿದೆ, ಗಂಡ ಹೆಂಡಿರು ಒಂದಾಗಿದ್ದಾರೆ.

‘ಸತ್ಯಕಾಮ್’ ಮುಗಿಯುವುದಿಲ್ಲ. ಸಾವಾಗುತ್ತದೆ. ಚಿತೆಗೆ ಬೆಂಕಿ ಇಡುವವರು ಯಾರು ಎಂಬ ಪ್ರಶ್ನೆ ಬರುತ್ತದೆ. ಅಶೋಕ್ ಕುಮಾರ್ ಮಾಡಿದ ತಾತ ಧರ್ಮ ಬಲ್ಲ ಮನುಷ್ಯ. ಈ ಹುಡುಗನಿಗೆ ಅಧಿಕಾರವಿಲ್ಲವೆಂದು ಅವರ ನಿಲುವು. ತನಗೇಕೆ ಅಧಿಕಾರವಿಲ್ಲವೆಂಬ ನಿಜವನ್ನು, ತಾಯಿಯಿಂದ ತಿಳಿದದ್ದನ್ನು, ಎಲ್ಲರೆದುರು ಹೇಳುವುದು ಆ ಪುಟ್ಟ ಹುಡುಗನೇ. ಛಾಂದೋಗ್ಯದ ಸತ್ಯಕಾಮ ಜಾಬಾಲ ಗುರುವಿನ ಮುಂದೆ ನಿಂತು ತಂದೆ ಯಾರೆಂದು ಗೊತ್ತಿಲ್ಲ ಎಂದ ಹಾಗೆ. ಧರ್ಮಗ್ರಂಥ ಓದಿದ ತಾತನಿಗೆ ಆ ಕತೆ ಗೊತ್ತಿರಲೇಬೇಕು. ಓದಿದ್ದು ಎದುರಿಗೆ ಬಂದು ನಿಂತಾಗ ಅವರು ಸೋಲುತ್ತಾರೆ. ಸತ್ಯಪ್ರಿಯನೂ ದಾಟಲಾಗದ ಗೆರೆಯನ್ನು ಈ ಕೊನೆಯ ದೃಶ್ಯ ದಾಟುತ್ತದೆ. ಕತ್ತರಿ ತಡವಾದ್ದರಿಂದ ಮಾತ್ರ ಅಲ್ಲಿಗೆ ತಲುಪಲು ಸಾಧ್ಯವಾಯಿತು.

*

ನಿರ್ದೇಶಕರಾಗಿ 40ಕ್ಕೂ ಹೆಚ್ಚು ಸಿನಿಮಾ ಮಾಡಿದರೂ ಅವರು ಕತ್ತರಿಯನ್ನು ಕೆಳಗಿಡಲಿಲ್ಲ. ರಾಮು ಕಾರ್ಯಾಟ್ ಅವರ ಮಲಯಾಳಂ ‘ಚೆಮ್ಮೀನ್’ (1965) ಸಂಕಲನದಲ್ಲಿ ಅವರ ಕೈಯಿದೆ. ಮನಮೋಹನ್ ದೇಸಾಯಿಯವರ ‘ಕೂಲಿ’ಯನ್ನೂ (1983) ಸಂಕಲಿಸಿದರು. ಅಮಿತಾಭ್‌ಗೆ ಪೆಟ್ಟಾದ ಹೊಡೆದಾಟದಲ್ಲಿ ಚಿತ್ರ ಗಕ್ಕನೆ ನಿಂತು, ಏಟು ಬಿದ್ದದ್ದು ಇಲ್ಲೇ ಎಂದು ಬರಹ ಮೂಡುವ ಸಿನಿಮಾ ಅದು. ಕಡಲ ದಡದ ದುರಂತ ಕಾವ್ಯಕ್ಕೂ ರೈಲ್ವೆ ಕೂಲಿಯ ಅಬ್ಬರಕ್ಕೂ ಒಂದೇ ಕೈ ಒಗ್ಗಿತು. ಇವು ಅವರ ಶೈಲಿಯ ಸಿನಿಮಾಗಳಲ್ಲ, ಅವರ ಕಸುಬಿನ ಸಿನಿಮಾಗಳು. ಆಮೇಲೆ ದೂರದರ್ಶನಕ್ಕೆ ‘ಹಮ್ ಹಿಂದೂಸ್ತಾನಿ’, ‘ತಲಾಶ್’ನಂಥ ಧಾರಾವಾಹಿಗಳನ್ನು ಮಾಡಿದರು. 1999ರ ಫಾಲ್ಕೆ ಪ್ರಶಸ್ತಿ ಬಂತು. 2006ರಲ್ಲಿ ತೀರಿಕೊಂಡರು.

ಅವರು ಹೋದ ಮರುವರ್ಷ ಕನ್ನಡದಲ್ಲಿ ಸುದೀಪ್ ‘ಬಾವರ್ಚಿ’ಯನ್ನು ‘ನಂ. 73, ಶಾಂತಿ ನಿವಾಸ’ ಎಂದು ತಂದರು. ‘ಬಾವರ್ಚಿ’ಯೇ ತಪನ್ ಸಿನ್ಹಾ ಅವರ ಬಂಗಾಳಿ ಚಿತ್ರವೊಂದರಿಂದ ಬಂದದ್ದು. ಕಲ್ಕತ್ತೆಯಿಂದ ಬೊಂಬಾಯಿಗೆ, ಅಲ್ಲಿಂದ ಬೆಂಗಳೂರಿಗೆ ಆ ಮನೆ ಬಂತು. ನನ್ನ ಪ್ರಬಂಧದ ಮೂರನೆಯ ಅಧ್ಯಾಯ ಅದರ ಮೇಲೆಯೇ. ಮೊದಲ ಕರಡಿನಲ್ಲಿ ಕತೆಯಲ್ಲಾದ ಬದಲಾವಣೆಗಳ ಪಟ್ಟಿ ಮಾಡಿದ್ದೆ. ಈಗ ಅದನ್ನು ಬಿಟ್ಟು, ಎರಡೂ ಸಿನಿಮಾಗಳಲ್ಲಿ ಪ್ರತಿ ದೃಶ್ಯ ಯಾರ ಮುಖದ ಮೇಲೆ ಮುಗಿಯುತ್ತದೆಂದು ಗುರುತು ಹಾಕುತ್ತಿದ್ದೇನೆ. ನಿಧಾನದ ಕೆಲಸ. ಅಜ್ಜನ ವಿಡಿಯೋವನ್ನೂ ಮತ್ತೆ ಕತ್ತರಿಸಿದೆ. ಈಗ ಅದು ಹದಿನಾಲ್ಕು ನಿಮಿಷ, ಸಂಬಳದ ಮಾತಿನಿಂದಲೇ ಮುಗಿಯುತ್ತದೆ. ಮೊದಲಿನಷ್ಟು ಚೆನ್ನಾಗಿಲ್ಲ.

ಕಳೆದ ತಿಂಗಳು ಊರಿಗೆ ಹೋದಾಗ ಅಮ್ಮನಿಗೆ ‘ಸತ್ಯಕಾಮ್’ ತೋರಿಸಿದೆ. ಅವಳು ಹಿಂದಿ ಕಲಿತದ್ದು ದೂರದರ್ಶನದಿಂದಲೇ. ಅಲ್ಲಲ್ಲಿ ನಾನು ಅರ್ಥ ಹೇಳಬೇಕಾಯಿತು. ಆಸ್ಪತ್ರೆಯ ದೃಶ್ಯ ಬಂದಾಗ ಈಗ ಏಳುತ್ತಾಳೆ ಎಂದುಕೊಂಡೆ. ಏಳಲಿಲ್ಲ. ಕೊನೆಯವರೆಗೂ ಕೂತಿದ್ದು, ಮುಗಿದ ಮೇಲೆ ಸ್ವಲ್ಪ ಸಿಟ್ಟಿನಿಂದಲೇ ಕೇಳಿದಳು: ‘ಅಲ್ಲ, ಆ ಕಾಗದ ಹರಿದಾಕಿದ್ಲಲ್ಲ, ನಾಳೆಯಿಂದ ಅವಳು ಮಗುಗೆ ಊಟಕ್ಕೇನು ಮಾಡ್ತಾಳೆ?’